ರೆಖ್ಮಿರೆಯ ಗೋರಿಯಲ್ಲಿ ಸ್ಕೆಚ್ ಮಾಡಿದ್ದು ಹೀಗೆ

ಈಜಿಪ್ಟಿನ ಲಕ್ಸರ್‌ಗೆ ಹೋದವರು ಹೆಚ್ಚಾಗಿ ರಾಜರ ಕಣಿವೆ ನೋಡಿ ವಾಪಸಾಗುತ್ತಾರೆ. ಚಿತ್ರ ಬರೆಯುವವರಿಗೆ ಅಷ್ಟು ಸಾಲದು. ರಾಜರ ಗೋರಿಗಳಲ್ಲಿ ಬರೀ ದೇವರು, ಹಾವು, ಪರಲೋಕ. ಜನ ಮೈಮುರಿದು ದುಡಿಯುವುದನ್ನು ನೋಡಬೇಕಾದರೆ ಅಧಿಕಾರಿಗಳ ಗೋರಿಗೇ ಹೋಗಬೇಕು. ನಾನು ಆರಿಸಿಕೊಂಡದ್ದು ಶೇಖ್ ಅಬ್ದ್ ಎಲ್-ಕುರ್ನಾ ಗುಡ್ಡದ 100ನೇ ನಂಬರಿನ ಗೋರಿ. ಈಜಿಪ್ಟಿನ ದೊರೆ ಮೂರನೇ ಥುಟ್‌ಮೋಸ್ ಮತ್ತು ಅವನ ಮಗನ ಕಾಲದಲ್ಲಿ ವಜೀರನಾಗಿದ್ದ ರೆಖ್ಮಿರೆಯದು. ಸುಮಾರು 3,400 ವರ್ಷ ಹಳೆಯದು.

ಒಳಗೆ ಮೊದಲು ಅಡ್ಡ ಹಜಾರ, ಅದರಾಚೆ ಗುಡ್ಡದೊಳಕ್ಕೆ ನುಗ್ಗುವ ಉದ್ದ ಓಣಿ. ಓಣಿಯ ಚಾವಣಿ ಮುಂದೆ ಹೋದಂತೆ ಏರುತ್ತದೆ: ಶುರುವಿನಲ್ಲಿ ಸುಮಾರು 3 ಮೀಟರ್, ಕೊನೆಯಲ್ಲಿ 8 ಮೀಟರ್. ಮೇಲಿನ ಸಾಲುಗಳು ಬರಿಗಣ್ಣಿಗೆ ದಕ್ಕುವುದಿಲ್ಲ. ಹಾಗಾಗಿ ಜೇಬಿನಲ್ಲಿ ಸಣ್ಣ ಬೈನಾಕ್ಯುಲರ್ ಇಟ್ಟುಕೊಂಡಿದ್ದೆ. ಬಣ್ಣ ಒಯ್ಯಲಿಲ್ಲ, ಪೆನ್ಸಿಲ್ ಮತ್ತು ಪುಸ್ತಕ ಅಷ್ಟೇ. ಬಣ್ಣದ ಹೆಸರನ್ನು ಅಂಚಿನಲ್ಲಿ ಬರೆದುಕೊಂಡೆ.

ಜಾಸ್ತಿ ಹೊತ್ತು ನಿಂತದ್ದು ಓಣಿಯ ಎಡಗೋಡೆಯ ಮುಂದೆ. ಇಟ್ಟಿಗೆ ಮಾಡುವ ಸಾಲು ಅಲ್ಲಿದೆ. ಕೊಳದಿಂದ ನೀರು ತುಂಬುವವರು, ಗುದ್ದಲಿಯಲ್ಲಿ ಮಣ್ಣು ಕಲಸುವವರು, ಮರದ ಅಚ್ಚಿಗೆ ಮಣ್ಣು ಒತ್ತುವವನು, ಕೋಲು ಹಿಡಿದು ಸುಮ್ನೆ ಕೂತ ಮೇಸ್ತ್ರಿ. ದುಡಿಯುವವರಲ್ಲಿ ಯುದ್ಧದಲ್ಲಿ ಸೆರೆಸಿಕ್ಕ ಪರದೇಶಿಗಳೂ ಇದ್ದಾರೆ. ಲೋಹದ ಕೆಲಸದವರು ತಿದಿಯ ಮೇಲೆ ನಿಂತು ಒಂದನ್ನು ಕಾಲಲ್ಲಿ ತುಳಿಯುತ್ತಾರೆ, ಇನ್ನೊಂದನ್ನು ಹಗ್ಗದಿಂದ ಎಳೆದೆತ್ತುತ್ತಾರೆ. ಮೈಭಾರ ಯಾವ ಕಾಲಿನ ಮೇಲಿದೆ ಅಂತ ಗೆರೆಯೇ ಹೇಳುತ್ತದೆ. ನಾನು ಭುಜದಿಂದ ಶುರು ಮಾಡಿ ಸೊಂಟಕ್ಕೆ ಇಳಿದೆ, ಮುಖ ಕೊನೆಗೆ. ಭುಜ ಎದುರಿಗೆ, ಮುಖ ಪಕ್ಕಕ್ಕೆ ಇರುವ ಈಜಿಪ್ಟಿನ ಆಕೃತಿಗೆ ಈ ಕ್ರಮ ಚೆನ್ನಾಗಿ ಹೊಂದುತ್ತದೆ.

ಬಲಗೋಡೆಯ ಔತಣದಲ್ಲಿ ಒಬ್ಬ ಸೇವಕಿ ನಮಗೆ ಬೆನ್ನು ಮಾಡಿ ಓರೆಯಾಗಿ ನಿಂತಿದ್ದಾಳೆ. ಅಲ್ಲಿನ ಚಿತ್ರಕಲೆಯಲ್ಲಿ ಇದು ತೀರಾ ಅಪರೂಪ. ಆ ಚಿತ್ರಕಾರನಿಗೆ ಎಂಥ ಧೈರ್ಯ ಅಲ್ವಾ! ಹಜಾರದಲ್ಲಿ ಜಿರಾಫೆಯ ಕತ್ತು ಹತ್ತುತ್ತಿರುವ ಕೋತಿಯನ್ನೂ ಬಿಡಬೇಡಿ. ಅದನ್ನು ಈಜಿಪ್ಟಿನ ದಕ್ಷಿಣಕ್ಕಿದ್ದ ನೂಬಿಯಾದವರು ಕಪ್ಪಕಾಣಿಕೆಯಾಗಿ ತರುತ್ತಿದ್ದಾರೆ. ಗೋರಿಯ ಯಜಮಾನ ರೆಖ್ಮಿರೆಯ ಚಿತ್ರಗಳನ್ನು ಮಾತ್ರ ಹಲವು ಕಡೆ ಯಾರೋ ಕೆತ್ತಿ ಕಿತ್ತಿದ್ದಾರೆ.

ಸಮಯ ಉಳಿದರೆ ಅದೇ ಗುಡ್ಡದಲ್ಲಿರುವ, ಥೀಬ್ಸ್‌ನ (ಲಕ್ಸರ್‌ನ ಹಳೆಯ ಹೆಸರು) ಮೇಯರ್ ಸೆನ್ನೆಫರ್‌ನ ಗೋರಿಗೂ ಹೋಗಿ. ಮೆಟ್ಟಿಲು ಕಡಿದಾಗಿವೆ. ಉಬ್ಬುತಗ್ಗಿನ ಚಾವಣಿಯ ಮೇಲೇ ದ್ರಾಕ್ಷಿ ಗೊಂಚಲು ಬರೆದಿದ್ದಾರೆ. ಅದನ್ನು ಸ್ಕೆಚ್ ಮಾಡಲು ಕತ್ತು ಗಟ್ಟಿಯಾಗಿರಬೇಕು.