ಮನೆಯವರ ನಿರ್ಲಕ್ಷ್ಯದಿಂದ ಸಾವಾಗಿದೆಯೇ? ಮಣ್ಣು ಮಾಡುವ ಮೊದಲು ಹೀಗೆ ಮಾಡಿ

ಶಹಾಪುರ, ಚಿಂಚೋಳಿ, ಔರಾದ್ ಕಡೆ ಯಾವ ಹಳ್ಳಿಯ ಕಟ್ಟೆಯಲ್ಲೇ ಕೂತರೂ ಈ ಮಾತು ಕೇಳುತ್ತದೆ: 'ಸೊಸೆ ಅನ್ನ ಹಾಕಲಿಲ್ಲ, ಮುದುಕಿ ಹೋಯ್ತು.' ಹೇಳುವುದೆಲ್ಲ ಮಣ್ಣು ಮಾಡಿ ಬಂದ ಮೇಲೆ. ಪೊಲೀಸರಿಗೆ ಮಾತ್ರ ಯಾರೂ ಹೇಳಿರುವುದಿಲ್ಲ.

ಮೊದಲು, ಜವಾಬ್ದಾರಿ ಯಾರದು ನೋಡಿ. ಸುಮ್ನೆ ಇದ್ದದ್ದೆಲ್ಲ ಅಪರಾಧವಲ್ಲ, ಮಾಡಲೇಬೇಕು ಅಂತ ಕಾನೂನು ಹೇಳಿದ್ದನ್ನು ಮಾಡದಿದ್ದರೆ ಮಾತ್ರ ಅಪರಾಧ. ಮಕ್ಕಳ ಹೊಣೆ ತಂದೆತಾಯಿಯದು. ವಯಸ್ಸಾದವರ ಹೊಣೆಯನ್ನು 2007ರ ಹಿರಿಯ ನಾಗರಿಕರ ಕಾಯ್ದೆ ಮಗ, ಮಗಳು, ದೊಡ್ಡವರಾದ ಮೊಮ್ಮಕ್ಕಳ ಮೇಲೆ ಹಾಕಿದೆ. ಆ ಪಟ್ಟಿಯಲ್ಲಿ ಸೊಸೆ ಇಲ್ಲ! ಊರು ಬೈಯುವುದು ಸೊಸೆಯನ್ನ, ಕಾಯ್ದೆ ಹಿಡಿಯುವುದು ಮಗನನ್ನ. ಹಾಗಂತ ಅತ್ತೆಯನ್ನು ಕೋಣೆಯಲ್ಲಿ ಕೂಡಿ ಹಾಕಿದ ಸೊಸೆ ತಪ್ಪಿಸಿಕೊಳ್ಳುವಂತಿಲ್ಲ.

ಆಮೇಲೆ ಬಡತನವನ್ನೂ ನಿರ್ಲಕ್ಷ್ಯವನ್ನೂ ಒಂದೇ ಮಾಡಬೇಡಿ. ಯಾದಗಿರಿಯಿಂದ ಬೆಂಗಳೂರಿಗೋ ಪುಣೆಗೋ ಗುಳೆ ಹೋದ ಮಗ ಪಕ್ಕದ ಮನೆಯವರಿಗೆ ಹೇಳಿ, ದುಡ್ಡು ಕಳಿಸಿ, ವಾರಕ್ಕೊಮ್ಮೆ ಫೋನ್ ಮಾಡಿ ವಿಚಾರಿಸುತ್ತಿದ್ದರೆ ಅವನನ್ನು ಅಪರಾಧಿ ಅನ್ನುವುದು ಕಷ್ಟ. ಪಿಂಚಣಿ ದುಡ್ಡು ತಿಂಗಳು ತಿಂಗಳು ತೆಗೆದುಕೊಂಡು, ಬೆನ್ನು ಹುಣ್ಣಾಗಿ ಹುಳ ಬಿದ್ದರೂ ದವಾಖಾನೆಗೆ ಒಯ್ಯದವನ ಕಥೆ ಬೇರೆ, ಅಲ್ವಾ?

ಸಾವು ಅನುಮಾನ ಹುಟ್ಟಿಸಿದರೆ ತಡ ಮಾಡದೆ 112ಕ್ಕೆ ಫೋನ್ ಮಾಡಿ. ಇಲ್ಲಿ ಹೂಳುವವರು ಜಾಸ್ತಿ ಇರುವುದರಿಂದ ಮ್ಯಾಜಿಸ್ಟ್ರೇಟರ ಮುಂದೆ ಶವ ಹೊರತೆಗೆಸುವ ದಾರಿಯಾದರೂ ಉಳಿಯುತ್ತದೆ, ಸುಟ್ಟರೆ ಅದೂ ಇಲ್ಲ. ಪೊಲೀಸರು ಅಸಹಜ ಸಾವು ಅಂತ ದಾಖಲಿಸಿ, ಪಂಚರನ್ನು ಕರೆದು ಪಂಚನಾಮೆ ಮಾಡಿ, ಶವಪರೀಕ್ಷೆಗೆ ಕಳಿಸುತ್ತಾರೆ. ಮೈಮೇಲಿನ ಹುಣ್ಣು, ಖಾಲಿ ಹೊಟ್ಟೆ, ಬತ್ತಿದ ಮೈ ಎಲ್ಲವನ್ನೂ ಡಾಕ್ಟರ್ ಬರೆಯುತ್ತಾರೆ. ನೀವು ಕೂಡಿಸಬೇಕಾದದ್ದು ಹಳೆಯ ದವಾಖಾನೆ ಚೀಟಿ, ಪಿಂಚಣಿಯ ಪಾಸ್‌ಬುಕ್, ಹೊರಗಿನಿಂದ ಹಾಕಿದ ಬೀಗದ ಫೋಟೋ, ಕೂಗು ಕೇಳಿದ ನೆರೆಯವರ ಹೆಸರು. ನಿಜ ಹೇಳಬೇಕೆಂದರೆ ಕೇಸು ನಿಲ್ಲುವುದು ಬಹುಪಾಲು ಇವುಗಳ ಮೇಲೆಯೇ.

ದೂರನ್ನು ಬರವಣಿಗೆಯಲ್ಲಿ ಕೊಡಿ. ಯಾವ ಕಲಂ ಅಂತ ನೀವು ಬರೆಯಬೇಕಿಲ್ಲ. ಬರೀ ನಿರ್ಲಕ್ಷ್ಯವಾದರೆ ಭಾರತೀಯ ನ್ಯಾಯ ಸಂಹಿತೆಯ 106(1), 5 ವರ್ಷದವರೆಗೆ ಜೈಲು. 2024ರ ಜುಲೈ 1ಕ್ಕಿಂತ ಮೊದಲಿನ ಸಾವಾದರೆ ಹಳೆಯ ಭಾರತೀಯ ದಂಡ ಸಂಹಿತೆಯ (ಐಪಿಸಿ) 304ಎ, 2 ವರ್ಷದವರೆಗೆ. ಹೀಗೇ ಬಿಟ್ಟರೆ ಸಾಯಬಹುದು ಅಂತ ಗೊತ್ತಿದ್ದೂ ಬಿಟ್ಟಿದ್ದರೆ ನ್ಯಾಯ ಸಂಹಿತೆಯ 105, ಅಂದರೆ ಕೊಲೆಯಲ್ಲದ ನರಹತ್ಯೆ. ಕೊಲ್ಲಬೇಕೆಂದೇ ಅನ್ನ ನಿಲ್ಲಿಸಿದ್ದರೆ ಕೊಲೆಯೇ. ಹೆಂಡತಿಗೆ ಊಟ ಕೊಡದೆ ಕೂಡಿ ಹಾಕಿದ್ದ ಪಂಜಾಬಿನ ಗಂಡನೊಬ್ಬನದು ಕೊಲೆ ಯತ್ನ ಅಂತ 1961ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ. ಆಕೆ ಬದುಕಿದ್ದಳು, ಆದರೂ.

ಠಾಣೆಯಲ್ಲಿ ತೆಗೆದುಕೊಳ್ಳದಿದ್ದರೆ ದೂರನ್ನು ಅಂಚೆಯಲ್ಲಿ ಎಸ್‌ಪಿಗೆ ಕಳಿಸಿ, ಕಲಬುರಗಿ ನಗರದಲ್ಲಾದರೆ ಪೊಲೀಸ್ ಕಮಿಷನರಿಗೆ. ಅಲ್ಲೂ ಆಗದಿದ್ದರೆ ಮ್ಯಾಜಿಸ್ಟ್ರೇಟ್ ಕೋರ್ಟು. ಎಫ್‌ಐಆರ್ ಆದರೆ ಅದರ ಪ್ರತಿಯನ್ನು ಪುಕ್ಕಟೆ ಕೊಡಬೇಕು, ಕೇಳಿ ತೆಗೆದುಕೊಳ್ಳಿ. ಉಚಿತ ವಕೀಲರು ಬೇಕಿದ್ದರೆ 15100ಕ್ಕೆ ಫೋನ್ ಮಾಡಿ.

ಜೀವ ಇನ್ನೂ ಇದ್ದರೆ ಇದ್ಯಾವುದಕ್ಕೂ ಕಾಯಬೇಡಿ. ಹಿರಿಯರಾದರೆ 14567, ಮಕ್ಕಳಾದರೆ 1098. ಹಿರಿಯರ ಜೀವನಾಂಶದ ಅರ್ಜಿ ಎಸಿ (ಉಪವಿಭಾಗಾಧಿಕಾರಿ) ಕಚೇರಿಯಲ್ಲಿ ಕೊಡಬೇಕು. ಬೀದರ್ ಜಿಲ್ಲೆಯವರಿಗೆ ಬೀದರ್, ಬಸವಕಲ್ಯಾಣ ಎರಡೂ ಕಡೆ ಎಸಿ ಇದ್ದಾರೆ.