ಊರಿನ ರೇಷನ್ ಕಾರ್ಡ್ ಗೋವಾದಲ್ಲೂ ನಡೆಯುತ್ತದೆ: ಹೊಸದಾಗಿ ಬಂದ ಮನೆಯವರಿಗೆ

ವಿಜಯಪುರ, ಬಾಗಲಕೋಟೆ, ಗದಗ, ಕೊಪ್ಪಳ ಕಡೆಯಿಂದ ದುಡಿಯಲು ಬಂದವರು ನಮ್ಮ ಕನ್ನಡ ಸಂಘದಲ್ಲಿ ಮೊದಲು ಕೇಳುವುದು ಬಾಡಿಗೆ ಮನೆ, ಮಕ್ಕಳ ಶಾಲೆ. ರೇಷನ್ ಬಗ್ಗೆ ಕೇಳುವವರು ಕಡಿಮೆ. ಕಾರ್ಡ್ ಊರಿನದ್ದು, ಇಲ್ಲಿ ಯಾರು ಕೊಡ್ತಾರೆ ಅಂತ ಸುಮ್ಮನಿದ್ದು, ಪ್ರತಿ ತಿಂಗಳು ಕಿರಾಣಿ ಅಂಗಡಿಯಲ್ಲಿ ದುಡ್ಡು ಸುರಿದು ಅಕ್ಕಿ ತರುತ್ತಾರೆ. ದಯವಿಟ್ಟು ಹಾಗೆ ಬಿಡಬೇಡಿ. ಅದು ನಿಮ್ಮ ಹಕ್ಕಿನ ಅಕ್ಕಿ.

'ಒಂದು ದೇಶ, ಒಂದು ರೇಷನ್ ಕಾರ್ಡ್' ವ್ಯವಸ್ಥೆಗೆ ಕರ್ನಾಟಕ ಮತ್ತು ಗೋವಾ ಎರಡೂ 2020ರ ಜನವರಿಯಲ್ಲೇ ಸೇರಿವೆ. 2022ರ ಜೂನ್‌ನಲ್ಲಿ ಅಸ್ಸಾಂ ಸೇರಿದ ಮೇಲೆ ಇಡೀ ದೇಶಕ್ಕೆ ಇದು ಅನ್ವಯ. ಹಾಗಾಗಿ ವಾಸ್ಕೋದಲ್ಲಿದ್ದರೂ ಸರಿ, ನಾಳೆ ಕೆಲಸ ಹುಡುಕಿ ಪುಣೆಗೆ ಹೋದರೂ ಸರಿ.

ಹೇಗೆ ತಗೊಳ್ಳೋದು ಅಂದರೆ, ಮನೆ ಹತ್ತಿರದ ನ್ಯಾಯಬೆಲೆ ಅಂಗಡಿಗೆ ಹೋಗಿ ರೇಷನ್ ಕಾರ್ಡ್ ನಂಬರ್ ಅಥವಾ ಆಧಾರ್ ನಂಬರ್ ಹೇಳಿ, ಮೆಷಿನ್ ಮೇಲೆ ಬೆರಳಿಡಿ, ಅಷ್ಟೇ. ಕಾರ್ಡ್ ಕೈಯಲ್ಲಿ ಇರಲೇಬೇಕು ಅಂತಿಲ್ಲ. ಮೊದಲೇ ಅರ್ಜಿ ಹಾಕಬೇಕಿಲ್ಲ, ಗೋವಾದ ವಿಳಾಸ ತೋರಿಸಬೇಕಿಲ್ಲ, ಯಾರಿಗೂ ಒಂದು ರೂಪಾಯಿ ಕೊಡಬೇಕಿಲ್ಲ. ಆದರೆ ಕಾರ್ಡ್‌ಗೆ ಆಧಾರ್ ಜೋಡಣೆ ಆಗಿರಲೇಬೇಕು. ಸಿಮೆಂಟ್ ಕೆಲಸ ಮಾಡುವವರ ಬೆರಳ ಗೆರೆ ಸವೆದು ಮೆಷಿನ್ ಒಪ್ಪದೇ ಇರುವುದು ಜಾಸ್ತಿ. ಆಗ ಕಾರ್ಡ್‌ನಲ್ಲಿ ಹೆಸರಿರುವ ಮನೆಯ ಇನ್ನೊಬ್ಬರನ್ನು ಕರೆದುಕೊಂಡು ಹೋಗಿ, ಯಾರಾದರೂ ಒಬ್ಬರ ಬೆರಳು ಸಾಕು.

ತುಂಬಾ ಜನಕ್ಕೆ ಒಂದು ಹೆದರಿಕೆ ಇದೆ, ನಾವು ಇಲ್ಲಿ ತಗೊಂಡರೆ ಊರಲ್ಲಿರುವ ಅಪ್ಪ ಅಮ್ಮನಿಗೆ ಸಿಗಲ್ಲ ಅಂತ. ಹಾಗಿಲ್ಲ. ನಿಮ್ಮ ಪಾಲನ್ನಷ್ಟೇ ಇಲ್ಲಿ ಎತ್ತಿ, ಉಳಿದದ್ದನ್ನು ಅವರು ಅಲ್ಲಿ ಎತ್ತಬಹುದು. ಆದರೆ ಲೆಕ್ಕ ಒಂದೇ ಕಾರ್ಡ್‌ನದ್ದು. ಅವರು ತಿಂಗಳ ಮೊದಲ ವಾರದಲ್ಲೇ ಪೂರ್ತಿ ಎತ್ತಿಬಿಟ್ಟರೆ ಇಲ್ಲಿ ಮೆಷಿನ್‌ನಲ್ಲಿ ಏನೂ ಉಳಿದಿರುವುದಿಲ್ಲ, ಅಂಗಡಿಯವರ ಜೊತೆ ಜಗಳ ಆಡಿ ಪ್ರಯೋಜನ ಇಲ್ಲ. ಊರಿಗೆ ಫೋನ್ ಮಾಡಿದಾಗ ಇದನ್ನೂ ಮಾತಾಡಿಕೊಳ್ಳಿ.

ಇಲ್ಲಿ ಎಷ್ಟು ಸಿಗುತ್ತದೆ? ಆಹಾರ ಭದ್ರತಾ ಕಾಯ್ದೆಯ ಪ್ರಕಾರ ಆದ್ಯತಾ ಕಾರ್ಡ್‌ಗೆ (ನಾವು ಬಿಪಿಎಲ್ ಅನ್ನುವುದು) ತಿಂಗಳಿಗೆ ತಲೆಗೆ 5 ಕೆಜಿ, ಕಡುಬಡವರ ಅಂತ್ಯೋದಯ ಕಾರ್ಡ್‌ಗೆ ಮನೆಗೆ 35 ಕೆಜಿ. 2023ರ ಜನವರಿಯಿಂದ ಇದು ಉಚಿತ. ಅನ್ನಭಾಗ್ಯದಲ್ಲಿ ನಮ್ಮ ರಾಜ್ಯ ಸೇರಿಸಿ ಕೊಡುವ ಹೆಚ್ಚಿನ ಪಾಲು ಮಾತ್ರ ಇಲ್ಲಿ ಸಿಗುವುದಿಲ್ಲ. ಧಾನ್ಯವೂ ಇಲ್ಲಿಯ ಅಂಗಡಿಯಲ್ಲಿ ಏನಿದೆಯೋ ಅದೇ, ರೊಟ್ಟಿಗೆ ಜೋಳ ಸಿಗುತ್ತದೆ ಅಂತ ನಂಬಿಕೊಂಡು ಬರಬೇಡಿ. ಎಪಿಎಲ್ ಕಾರ್ಡ್ ಇಲ್ಲಿ ನಡೆಯುವುದಿಲ್ಲ. ಬಿಪಿಎಲ್ ಇದ್ದರೂ ಅದು ಕೇಂದ್ರದ ಲೆಕ್ಕದ್ದೋ ರಾಜ್ಯದ ಲೆಕ್ಕದ್ದೋ ಅಂತ ಊರು ಬಿಡುವ ಮೊದಲು ಒಂದು ಮಾತು ಕೇಳಿಕೊಳ್ಳಿ. ಕೇಂದ್ರ ಕರ್ನಾಟಕಕ್ಕೆ ಹಾಕಿರುವ ಮಿತಿ ಸುಮಾರು 4.01 ಕೋಟಿ ಜನ, ಅದನ್ನು ಮೀರಿದವರಿಗೆ ರಾಜ್ಯವೇ ತನ್ನ ಲೆಕ್ಕದಲ್ಲಿ ಕೊಡುತ್ತದೆ. ಹೊರರಾಜ್ಯದಲ್ಲಿ ನಡೆಯುವುದು ಕೇಂದ್ರದ ಲೆಕ್ಕದ ಕಾರ್ಡ್ ಮಾತ್ರ.

ಇ-ಕೆವೈಸಿ (ಆಧಾರ್ ಮೂಲಕ ಗುರುತು ಖಚಿತಪಡಿಸುವುದು) ಬಾಕಿ ಇದ್ದರೆ ಮಕ್ಕಳದ್ದೂ ಸೇರಿಸಿ ಮುಗಿಸಿಕೊಳ್ಳಿ. ಅದಕ್ಕಂತಲೇ ಕೂಲಿ ಬಿಟ್ಟು ಬಸ್ ಹತ್ತಬೇಡಿ, ಮೊದಲು ಇಲ್ಲಿಯ ಅಂಗಡಿಯಲ್ಲೇ ವಿಚಾರಿಸಿ. 2025ರ ಹೊಸ ನಿಯಮದ ಪ್ರಕಾರ 6 ತಿಂಗಳು ರೇಷನ್ ಎತ್ತದ ಕಾರ್ಡನ್ನು ತಡೆಹಿಡಿದು ಪರಿಶೀಲನೆ ಮಾಡುತ್ತಾರೆ. ಹಾಗಾಗಿ ಊರಲ್ಲಿ ಎತ್ತುವವರು ಯಾರೂ ಇಲ್ಲದಿದ್ದರೆ ಇಲ್ಲಾದರೂ ಎತ್ತುತ್ತಿರಿ. ಕಾರ್ಡನ್ನು ಬೇರೆಯವರ ಕೈಗೆ ಕೊಟ್ಟು ಬರಬೇಡಿ, ಅಡ ಅಂತೂ ಇಡಲೇಬೇಡಿ.

ಇಲ್ಲೇ ನೆಲೆ ನಿಲ್ಲುವವರು ಗೋವಾದ ಕಾರ್ಡ್ ಮಾಡಿಸಬೇಕಾದರೆ ಊರಿನ ಕಾರ್ಡಿನಿಂದ ಹೆಸರು ತೆಗೆಸಬೇಕು, ಎರಡೂ ಕಡೆ ಹೆಸರು ಇರುವಂತಿಲ್ಲ. ಆದರೆ ಅವಸರ ಬೇಡ. ಗೃಹಲಕ್ಷ್ಮಿಯ 2,000 ರೂಪಾಯಿ ಬರುವುದು ಕಾರ್ಡ್‌ನಲ್ಲಿ ಮನೆಯ ಯಜಮಾನಿ ಅಂತ ಹೆಸರಿರುವವರಿಗೆ ಅಲ್ವಾ, ಆ ಹೆಸರು ಹೋದರೆ ಈ ದುಡ್ಡೂ ಹೋಗುತ್ತದೆ. ಒಂದೆರಡು ವರ್ಷದ ಕೆಲಸಕ್ಕೆ ಬಂದವರು ಊರಿನ ಕಾರ್ಡ್ ಇಟ್ಟುಕೊಂಡು ಇಲ್ಲಿ ರೇಷನ್ ಎತ್ತುವುದೇ ಒಳ್ಳೆಯದು ಅಂತ ನಮ್ಮ ಅಭಿಪ್ರಾಯ.

ಬಸುರಿ, ಬಾಣಂತಿ, 6 ವರ್ಷದೊಳಗಿನ ಮಕ್ಕಳು ಮನೆಯಲ್ಲಿದ್ದರೆ ಹತ್ತಿರದ ಅಂಗನವಾಡಿಗೂ ಹೋಗಿ. ಊರಿನಲ್ಲಿ ಹೆಸರಿದ್ದರೆ ಅಂಗನವಾಡಿಯವರ ಮೊಬೈಲ್ ಆ್ಯಪ್ ಆದ ಪೋಷಣ್ ಟ್ರ್ಯಾಕರ್‌ನಲ್ಲಿ ಇಲ್ಲಿಗೆ ವರ್ಗ ಮಾಡಿಕೊಡುತ್ತಾರೆ. ಇದಕ್ಕೆ ರೇಷನ್ ಕಾರ್ಡ್ ಬೇಕಿಲ್ಲ.

ಅಂಗಡಿಯವರು ಹೊರರಾಜ್ಯದ ಕಾರ್ಡ್ ಆಗಲ್ಲ ಅಂತ ವಾಪಸ್ ಕಳಿಸಿದರೆ, ಒಮ್ಮೆ ಮೆಷಿನ್‌ನಲ್ಲಿ ನಂಬರ್ ಹಾಕಿ ತೋರಿಸಿ ಅಂತ ಸಮಾಧಾನದಿಂದ ಕೇಳಿ. ಆಗಲೂ ಇಲ್ಲ ಅಂದರೆ 14445ಕ್ಕೆ ಫೋನ್ ಮಾಡಿ. ಇದೇ ಯೋಜನೆಗೆ ಇರುವ ಉಚಿತ ಸಹಾಯವಾಣಿ. ಕೊಂಕಣಿ, ಹಿಂದಿ ಬರದಿದ್ದರೆ ಸಂಘಕ್ಕೆ ಹೇಳಿ, ಭಾಷೆ ಬಲ್ಲ ಒಬ್ಬರನ್ನು ನಿಮ್ಮ ಜೊತೆ ಅಂಗಡಿಗೆ ಕಳಿಸುತ್ತೇವೆ.