ಸಾಯುವ ಮುಂಚಿನ ಹತ್ತು ಸೆಕೆಂಡು: ನನ್ನ ಮ್ಯಾಚ್‌ಗಳನ್ನು ನಾನೇ ನೋಡುವ ಬಗೆ

ಆನ್‌ಲೈನ್ ವಿಡಿಯೊ ಗೇಮಿನಲ್ಲಿ ಸೋತು ಬಂದವರನ್ನು ಯಾಕೆ ಸೋತಿರಿ ಅಂತ ಕೇಳಿ ನೋಡಿ, ಉತ್ತರ ತಕ್ಷಣ ಬರುತ್ತದೆ. ಜೊತೆಗಿದ್ದವರು ಸರಿಯಾಗಿ ಆಡಲಿಲ್ಲ, ಎದುರು ಟೀಮಿಗೆ ಅದೃಷ್ಟ ಇತ್ತು, ಪಿಂಗ್ (ಸರ್ವರ್ ತಲುಪಿ ಬರಲು ಆಗುವ ತಡ) ಜಾಸ್ತಿ ಇತ್ತು. ಅವರು ಸುಳ್ಳು ಹೇಳುತ್ತಿರುವುದಿಲ್ಲ. ಆಟದ ಬಿಸಿಯಲ್ಲಿ ತಲೆಯಲ್ಲಿ ಉಳಿಯುವುದೇ ಅಷ್ಟು: ಕೊನೆಯ ರೌಂಡು, ಗುರಿ ತಪ್ಪಿದ ಒಂದು ಗುಂಡು, ಯಾರೋ ಕೂಗಿದ ಮಾತು. ಉಳಿದದ್ದೆಲ್ಲ ಅಳಿಸಿಹೋಗಿರುತ್ತದೆ. ಆದರೆ ಕಲಿಯಬೇಕಾದದ್ದು ಹೆಚ್ಚಾಗಿ ಆ ಅಳಿಸಿಹೋದ ಭಾಗದಲ್ಲೇ ಇರುತ್ತದೆ. ಅದಕ್ಕೇ ರೆಕಾರ್ಡಿಂಗ್ ಶುರು ಮಾಡದೆ ನಾನು ರ‍್ಯಾಂಕ್ ಮ್ಯಾಚಿಗೆ ಕೂರುವುದಿಲ್ಲ.

ನಾನು ಜಾಸ್ತಿ ಆಡುವುದು ಕೌಂಟರ್-ಸ್ಟ್ರೈಕ್ 2, ಎರಡು ತಂಡಗಳು ರೌಂಡ್ ರೌಂಡ್ ಆಗಿ ಗುಂಡಿನ ಕಾಳಗ ಮಾಡುವ ಆಟ. ಆಗಾಗ ಡೋಟಾ 2 ಕೂಡ ಆಡುತ್ತೇನೆ, ಅದರಲ್ಲಿ ಒಬ್ಬೊಬ್ಬರೂ ಒಂದೊಂದು ಹೀರೋವನ್ನು ನಡೆಸುತ್ತಾರೆ. ಉದಾಹರಣೆಗಳು ಅಲ್ಲಿಂದಲೇ ಬರುತ್ತವೆ, ಆದರೆ ವಿಷಯ ಯಾವ ಆಟಕ್ಕೂ ಹೊಂದುತ್ತದೆ.

ಮೊದಲು ಒಂದು ವ್ಯತ್ಯಾಸ ತಿಳಿದಿರಬೇಕು. ಆಟವೇ ಉಳಿಸಿಕೊಡುವ ರೀಪ್ಲೇ ಬೇರೆ, ನಮ್ಮ ಸ್ಕ್ರೀನ್ ರೆಕಾರ್ಡಿಂಗ್ ಬೇರೆ. ರೀಪ್ಲೇ ವಿಡಿಯೊ ಅಲ್ಲ. ಯಾರು ಎಲ್ಲಿದ್ದರು, ಎತ್ತ ನೋಡುತ್ತಿದ್ದರು, ಯಾವಾಗ ಗುಂಡು ಹಾರಿಸಿದರು ಅನ್ನುವ ಲೆಕ್ಕದ ಫೈಲ್ ಅದು. ಸ್ಟಾರ್‌ಕ್ರಾಫ್ಟ್‌ನಂಥ ಆಟಗಳಲ್ಲಂತೂ ಆಟಗಾರರು ಕೊಟ್ಟ ಆಜ್ಞೆಗಳನ್ನು ಮಾತ್ರ ಬರೆದಿಟ್ಟಿರುತ್ತಾರೆ. ಆ ಲೆಕ್ಕ ಓದಿ ಆಟ ಮತ್ತೊಮ್ಮೆ ನಮ್ಮೆದುರು ನಡೆಯುತ್ತದೆ. ಹಾಗಾಗಿ ಫೈಲ್ ಚಿಕ್ಕದು, ಮತ್ತೆ ಯಾರ ಕಣ್ಣಿನಿಂದ ಬೇಕಾದರೂ ನೋಡಬಹುದು. ತೊಂದರೆಯೂ ಅದರಿಂದಲೇ. ಅಪ್‌ಡೇಟ್ ಬಂದು ಆಟ ಬದಲಾದರೆ ಹಳೆಯ ಫೈಲ್ ಓಡದೇ ಹೋಗಬಹುದು. ಲೀಗ್ ಆಫ್ ಲೆಜೆಂಡ್ಸ್‌ನಲ್ಲಿ ಪ್ಯಾಚ್ ಬದಲಾದರೆ ಹಿಂದಿನ ರೀಪ್ಲೇ ತೆರೆಯುವುದಿಲ್ಲ. ಆಟದ ಸರ್ವರ್‌ನಲ್ಲೂ ಅವು ಸ್ವಲ್ಪ ಕಾಲ ಮಾತ್ರ ಇರುತ್ತವೆ. ಬೇಕಾದದ್ದನ್ನು ಅಂದೇ ಇಳಿಸಿಕೊಂಡು, ಬೇಗ ನೋಡಿ ಮುಗಿಸುವುದು ಒಳ್ಳೆಯದು.

ರೀಪ್ಲೇ ಇದ್ದ ಮೇಲೆ ಸ್ಕ್ರೀನ್ ರೆಕಾರ್ಡಿಂಗ್ ಯಾಕೆ? ಈ ಪ್ರಶ್ನೆ ನನಗೆ ಬಹಳ ಮುಖ್ಯ. ರೀಪ್ಲೇ ಆಟದ ಪೂರ್ತಿ ಸತ್ಯ ತೋರಿಸುತ್ತದೆ. ಸ್ಕ್ರೀನ್ ರೆಕಾರ್ಡಿಂಗ್ ನನಗೆ ಆ ಹೊತ್ತಿಗೆ ಗೊತ್ತಿದ್ದಷ್ಟನ್ನೇ ತೋರಿಸುತ್ತದೆ. ನನ್ನ ರೇಡಾರ್ (ಜೊತೆಗಾರರ ಜಾಗ ತೋರಿಸುವ ಮೂಲೆಯ ಚಿಕ್ಕ ನಕ್ಷೆ) ಹೇಗಿತ್ತು, ಕಿವಿಗೆ ಏನು ಬಿತ್ತು, ಜೊತೆಗಾರ ಏನು ಹೇಳಿದ, ನಾನು ಏನು ಉತ್ತರ ಕೊಟ್ಟೆ, ಎಲ್ಲ ಅದರಲ್ಲಿದೆ. ಆಡುವಾಗ ತೀರ್ಮಾನ ತೆಗೆದುಕೊಳ್ಳುವುದು ಗೊತ್ತಿದ್ದಷ್ಟನ್ನು ಇಟ್ಟುಕೊಂಡೇ ಅಲ್ವಾ? ತೀರ್ಮಾನ ಸರಿಯೋ ತಪ್ಪೋ ಅಂತ ನೋಡುವಾಗಲೂ ಅಷ್ಟನ್ನೇ ಮುಂದಿಟ್ಟುಕೊಳ್ಳಬೇಕು. ಹಾಗಾಗಿ ನಾನು ಮೊದಲು ನನ್ನ ರೆಕಾರ್ಡಿಂಗ್ ನೋಡುತ್ತೇನೆ. ಡೆಮೊ (ಕೌಂಟರ್-ಸ್ಟ್ರೈಕ್ ಆಡುವವರು ರೀಪ್ಲೇ ಫೈಲಿಗೆ ಹೀಗನ್ನುತ್ತಾರೆ) ಆಮೇಲೆ.

ರೆಕಾರ್ಡ್ ಮಾಡಲು ಬಳಸುವುದು ಒಬಿಎಸ್ ಸ್ಟುಡಿಯೊ ಎಂಬ ಸಾಫ್ಟ್‌ವೇರ್. ಉಚಿತ, ಕಾಲಮಿತಿ ಇಲ್ಲ, ವಿಡಿಯೊ ಮೇಲೆ ಗುರುತು ಬೀಳುವುದಿಲ್ಲ. ಇದರಲ್ಲಿ ಕೆಲವು ಸೆಟ್ಟಿಂಗ್ ಸರಿ ಇದ್ದರೆ ಸಾಕು. ವಿಡಿಯೊ ಕುಗ್ಗಿಸುವ ಕೆಲಸವನ್ನು ಗ್ರಾಫಿಕ್ಸ್ ಕಾರ್ಡಿಗೆ ಕೊಡಿ. ಎನ್‌ವಿಡಿಯಾ ಕಾರ್ಡುಗಳಲ್ಲಿ ಅದಕ್ಕೆಂದೇ ಎನ್‌ವೆಂಕ್ ಎಂಬ ಪ್ರತ್ಯೇಕ ಭಾಗ ಇದೆ. ಪ್ರೊಸೆಸರ್ ಮೇಲೆ ಹೊರೆ ಹಾಕಿದರೆ ಆಟವೇ ತಡವರಿಸಲು ಶುರುವಾಗುತ್ತದೆ. ಫೈಲ್ ಎಂಕೆವಿ ರೂಪದಲ್ಲಿರಲಿ. ಮಾಮೂಲಿ ಎಂಪಿ4 ಆದರೆ, ಮಧ್ಯೆ ಕಂಪ್ಯೂಟರ್ ನಿಂತುಹೋದಾಗ ಇಡೀ ಫೈಲ್ ತೆರೆಯದೆ ಹೋಗಬಹುದು. ಎಂಕೆವಿಯಲ್ಲಿ ನಿಂತಲ್ಲಿಯವರೆಗಿನ ಭಾಗ ಉಳಿಯುತ್ತದೆ. ಎಂಪಿ4 ಬೇಕೇ ಬೇಕು ಅಂದರೆ ಆಮೇಲೆ ಒಬಿಎಸ್‌ನಲ್ಲೇ ಬದಲಿಸಿಕೊಳ್ಳಬಹುದು.

ಚಿತ್ರ 1080ಪಿ, ಸೆಕೆಂಡಿಗೆ 60 ಫ್ರೇಮ್, ಬಿಟ್‌ರೇಟ್ 20 ಎಂಬಿಪಿಎಸ್ (ಸೆಕೆಂಡಿಗೆ 20 ಮೆಗಾಬಿಟ್). ಗಂಟೆಗೆ ಸುಮಾರು 9 ಜಿಬಿ ಆಗುತ್ತದೆ. ಡಿಸ್ಕ್ ಬೇಗ ತುಂಬುತ್ತದೆ, ನಿಜ. ಆದರೆ ನೋಡಿ ಮುಗಿಸಿದ್ದನ್ನು ಅಳಿಸಿಬಿಡುವುದರಿಂದ ಕಷ್ಟ ಆಗುವುದಿಲ್ಲ. 30 ಫ್ರೇಮಿಗೆ ಮಾತ್ರ ಇಳಿಸಬೇಡಿ. ಕಾರಣ ಮುಂದೆ ಹೇಳುತ್ತೇನೆ.

ಆಡಿಯೊ ಕಡೆ ಜಾಸ್ತಿ ಗಮನ ಕೊಡಿ ಅನ್ನುತ್ತೇನೆ. ಒಬಿಎಸ್‌ನಲ್ಲಿ ಆರು ಆಡಿಯೊ ಟ್ರ್ಯಾಕ್‌ವರೆಗೂ ಬೇರೆ ಬೇರೆ ಇಡಬಹುದು. ನನ್ನಲ್ಲಿ ಆಟದ ಸದ್ದು ಒಂದರಲ್ಲಿ, ಜೊತೆಗಾರರ ಮಾತು ಇನ್ನೊಂದರಲ್ಲಿ, ನನ್ನ ಮೈಕ್ ಮೂರನೆಯದರಲ್ಲಿ. ಹೆಜ್ಜೆ ಸದ್ದು ನಿಜವಾಗಿ ಕೇಳಿಸುತ್ತಿತ್ತಾ ಅಂತ ನೋಡಬೇಕಾದಾಗ ಮಾತಿನ ಟ್ರ್ಯಾಕ್ ತೆಗೆದು, ಆಮೇಲೆ ಮತ್ತೆ ಸೇರಿಸಿ ಕೇಳುತ್ತೇನೆ. ಸದ್ದು ಇತ್ತು, ಆದರೆ ಅದೇ ಕ್ಷಣದಲ್ಲಿ ನಾನು ಮಾತಾಡುತ್ತಿದ್ದೆ ಅನ್ನುವುದು ಎಷ್ಟೋ ಸಲ ಹೀಗೇ ಗೊತ್ತಾಗಿದೆ. ಇನ್ನೊಂದು ಮಾತು, ಜೊತೆಗಾರರ ದನಿ ರೆಕಾರ್ಡ್ ಮಾಡುವ ಮುಂಚೆ ಅವರನ್ನು ಕೇಳಿ. ಅದು ಅವರ ದನಿ.

ಇನ್ನು ನೋಡುವ ಕೆಲಸ. ಮ್ಯಾಚ್ ಮುಗಿದ ಕೂಡಲೇ ನೋಡಲು ಕೂರುವುದಿಲ್ಲ. ಮನಸ್ಸು ಬಿಸಿಯಾಗಿರುವಾಗ ಕಣ್ಣು ಬೇರೆಯವರ ತಪ್ಪನ್ನೇ ಹುಡುಕುತ್ತದೆ. ಮಾರನೇ ದಿನ ನೋಡಿದರೆ ಅದೇ ವಿಡಿಯೊ ಬೇರೆಯಾಗಿ ಕಾಣುತ್ತದೆ. ಪೂರ್ತಿ ಮ್ಯಾಚ್ ನೋಡುವ ಅಗತ್ಯವೂ ಇಲ್ಲ. ನಾನು ಸತ್ತ ರೌಂಡುಗಳಲ್ಲಿ ನಾಲ್ಕೈದು, ಗೆದ್ದ ರೌಂಡುಗಳಲ್ಲಿ ಎರಡು ಮೂರು ಆರಿಸಿಕೊಳ್ಳುತ್ತೇನೆ, ಅಷ್ಟೇ.

ಸತ್ತ ಜಾಗ ಹುಡುಕಿ, ಅಲ್ಲಿಂದ ಹತ್ತು ಸೆಕೆಂಡು ಹಿಂದೆ ಹೋಗಿ ವಿಡಿಯೊ ನಿಲ್ಲಿಸುತ್ತೇನೆ. ಇದೇ ಇಡೀ ಕೆಲಸದ ಜೀವಾಳ. ನಿಂತ ಚಿತ್ರ ನೋಡಿಕೊಂಡು ಜೋರಾಗಿ ಹೇಳುತ್ತೇನೆ: ಎದುರಾಳಿಗಳು ಎಷ್ಟು ಜನ ಉಳಿದಿದ್ದಾರೆ, ಅವರು ಎಲ್ಲಿರಬಹುದು, ನನ್ನವರು ಎಲ್ಲಿದ್ದಾರೆ, ಈಗ ನಾನು ಏನು ಮಾಡಬೇಕು. ಬಾಯಿಬಿಟ್ಟು ಹೇಳುವುದು ಮುಖ್ಯ. ಮನಸ್ಸಿನಲ್ಲೇ ಅಂದುಕೊಂಡರೆ ಉತ್ತರ ಜಾರಿಕೊಳ್ಳುತ್ತದೆ. ಆಮೇಲೆ ಪ್ಲೇ ಒತ್ತಿ, ನಾನು ನಿಜವಾಗಿ ಏನು ಮಾಡಿದೆ ಅಂತ ನೋಡುತ್ತೇನೆ.

ಯಾಕಿಷ್ಟು ಕಟ್ಟುನಿಟ್ಟು ಅಂದರೆ, ಫಲ ಗೊತ್ತಾದ ಮೇಲೆ ಎಲ್ಲವೂ ಮೊದಲೇ ಗೊತ್ತಿತ್ತು ಅನ್ನಿಸಿಬಿಡುತ್ತದೆ. ಬರೂಕ್ ಫಿಶಾಫ್ ಎಂಬ ಮನಶ್ಶಾಸ್ತ್ರಜ್ಞರು 1975ರಲ್ಲೇ ಇದನ್ನು ಪ್ರಯೋಗ ಮಾಡಿ ತೋರಿಸಿದ್ದಾರೆ. ಫಲ ತಿಳಿದವರಿಗೆ ಆ ಫಲವೇ ಆಗುವುದಿತ್ತು ಅನ್ನಿಸುತ್ತದೆ, ತಿಳಿಯದವರಿಗೆ ಹಾಗನ್ನಿಸುವುದಿಲ್ಲ. ಮೂಲೆಯಲ್ಲಿ ಒಬ್ಬ ಇದ್ದ ಅಂತ ಗೊತ್ತಾದ ಮೇಲೆ ‘ಆ ಮೂಲೆ ನೋಡಬೇಕಿತ್ತು’ ಅನ್ನುವುದು ಸುಲಭ. ಆ ಮೂಲೆಯಲ್ಲಿ ಯಾರಾದರೂ ಇರಬಹುದು ಅನ್ನಲು ಆಗ ನನ್ನ ಬಳಿ ಏನಾದರೂ ಸುಳಿವು ಇತ್ತಾ? ಇದ್ದರೆ ಅದು ನನ್ನ ತಪ್ಪು, ಬರೆದಿಟ್ಟುಕೊಳ್ಳುತ್ತೇನೆ. ಇಲ್ಲದಿದ್ದರೆ ಮುಂದಿನ ರೌಂಡಿಗೆ ಹೋಗುತ್ತೇನೆ. ತಪ್ಪಲ್ಲದ ಸಾವುಗಳೂ ಇರುತ್ತವೆ. ಅವನ್ನು ತಿದ್ದಲು ಹೋದರೆ ಸರಿ ಇದ್ದ ಅಭ್ಯಾಸವೂ ಕೆಡುತ್ತದೆ.

ಕೌಂಟರ್-ಸ್ಟ್ರೈಕಿನ ಮಿರಾಜ್ ಮ್ಯಾಪಿನ ಒಂದು ರೌಂಡ್ ಹೇಳುತ್ತೇನೆ. ಎ ಸೈಟ್ (ಎದುರಾಳಿ ಬಾಂಬ್ ಇಡಲು ಬರುವ ಎರಡು ಜಾಗಗಳಲ್ಲಿ ಒಂದು) ಕಾಯಲು ನಾವಿಬ್ಬರು. ಎದುರಾಳಿ ರ‍್ಯಾಂಪ್ ಕಡೆಯಿಂದಲೂ ಬರಬಹುದು, ಪ್ಯಾಲೇಸ್ ಕಡೆಯಿಂದಲೂ ಬರಬಹುದು. ರ‍್ಯಾಂಪ್ ನನ್ನದು, ಪ್ಯಾಲೇಸ್ ಜೊತೆಗಾರನದು. ಪ್ಯಾಲೇಸಿನಿಂದ ಬಂದವನು ನನ್ನನ್ನು ಪಕ್ಕದಿಂದ ಹೊಡೆದ. ನೆನಪಿನಲ್ಲಿ ಉಳಿದದ್ದು ‘ತಿರುಗುವುದು ತಡವಾಯಿತು’ ಅಂತ. ಹತ್ತು ಸೆಕೆಂಡು ಹಿಂದೆ ಹೋದರೆ ಕಥೆಯೇ ಬೇರೆ. ಮಿಡ್‌ನಲ್ಲಿ (ಮ್ಯಾಪಿನ ನಡುವಿನಲ್ಲಿ) ಗುಂಡಿನ ಸದ್ದು. ಅಲ್ಲಿಂದ ಎ ಸೈಟಿಗೆ ಬರುವ ದಾರಿ ಕನೆಕ್ಟರ್. ಜೊತೆಗಾರ ‘ಕನೆಕ್ಟರ್‌ಗೆ ಹೋಗ್ತಾ ಇದೀನಿ’ ಅನ್ನುತ್ತಾನೆ, ನಾನು ‘ಸರಿ’ ಅನ್ನುತ್ತೇನೆ. ರೇಡಾರ್‌ನಲ್ಲಿ ಅವನ ಚುಕ್ಕೆ ಸರಿಯುತ್ತದೆ. ಆ ಕ್ಷಣದಿಂದ ಪ್ಯಾಲೇಸ್ ಯಾರ ಕಣ್ಣಿಗೂ ಇಲ್ಲ. ನಾನು ಮಾತ್ರ ಎರಡು ಜನ ಇದ್ದಾಗಿನ ಜಾಗದಲ್ಲೇ ನಿಂತಿದ್ದೇನೆ. ಎರಡೂ ದಾರಿ ಒಟ್ಟಿಗೆ ಬಯಲಾಗದ ಜಾಗಕ್ಕೆ ಸರಿಯಲು ಸಾಕಷ್ಟು ಸಮಯ ಇತ್ತು. ಇದಕ್ಕೆ ಕೈ ವೇಗದ ಅಭ್ಯಾಸ ಎಷ್ಟು ಮಾಡಿದರೂ ಪ್ರಯೋಜನ ಇಲ್ಲ. ಜೊತೆಗಾರ ಜಾಗ ಬದಲಿಸಿದರೆ ನನ್ನ ಜಾಗವೂ ಬದಲಾಗಬೇಕು, ಕಲಿಯಬೇಕಾದದ್ದು ಅದು.

ಕೈ ವೇಗದ ಮಾತು ಬಂದದ್ದರಿಂದ 60 ಫ್ರೇಮಿನ ವಿಷಯ. ಸೆಕೆಂಡಿಗೆ 60 ಅಂದರೆ ಒಂದೊಂದು ಫ್ರೇಮ್ ಸುಮಾರು 16.7 ಮಿಲಿಸೆಕೆಂಡ್. ಎದುರಾಳಿ ಮೊದಲ ಸಲ ಕಂಡ ಫ್ರೇಮಿನಿಂದ ನನ್ನ ಬಂದೂಕು ಸಿಡಿದ ಫ್ರೇಮಿನವರೆಗೆ ಎಣಿಸಬಹುದು. ಎಂಪಿವಿ ಪ್ಲೇಯರ್‌ನಲ್ಲಿ ಪೂರ್ಣವಿರಾಮದ ಕೀ ಒತ್ತಿದರೆ ಒಂದು ಫ್ರೇಮ್ ಮುಂದೆ, ಅಲ್ಪವಿರಾಮದ ಕೀ ಒತ್ತಿದರೆ ಒಂದು ಫ್ರೇಮ್ ಹಿಂದೆ ಹೋಗುತ್ತದೆ. ಕಣ್ಣಿಗೆ ಕಂಡದ್ದಕ್ಕೆ ಕೈ ಓಗೊಡಲು ಸಾಮಾನ್ಯವಾಗಿ 200ರಿಂದ 250 ಮಿಲಿಸೆಕೆಂಡ್ ಬೇಕು, ಅಂದರೆ 12ರಿಂದ 15 ಫ್ರೇಮ್. 30 ಫ್ರೇಮಿನ ವಿಡಿಯೊದಲ್ಲಿ ಈ ಎಣಿಕೆ ತೀರಾ ಒರಟಾಗುತ್ತದೆ.

ಎಣಿಸಿದರೆ ಸಿಗುವ ಉತ್ತರ ಸಮಾಧಾನ ಕೊಡುವಂಥದ್ದು. ‘ನಾನು ನಿಧಾನ’ ಅನ್ನಿಸಿದ ಎಷ್ಟೋ ಕಡೆ ನನ್ನ ಕೈ ಆ ಲೆಕ್ಕದೊಳಗೇ ಅಲುಗಾಡಿದೆ. ಉಳಿದ ಫ್ರೇಮುಗಳು ಹೋದದ್ದು ಗುರಿಯಿಡುವ ಗುರುತಾದ ಕ್ರಾಸ್‌ಹೇರನ್ನು ಗೋಡೆಯ ಬುಡದಿಂದ ತಲೆಯ ಎತ್ತರಕ್ಕೆ ತರುವುದರಲ್ಲಿ. ಕ್ರಾಸ್‌ಹೇರ್ ಮೊದಲೇ ತಲೆ ಬರುವ ಎತ್ತರದಲ್ಲಿ ಇದ್ದಿದ್ದರೆ ಆ ದೂರವೇ ಇರುತ್ತಿರಲಿಲ್ಲ. ನಡೆಯುವಾಗ ಕ್ರಾಸ್‌ಹೇರ್ ಎಲ್ಲಿರುತ್ತದೆ ಅನ್ನುವುದು ಆಡುವವನಿಗೆ ತಿಳಿಯುವುದಿಲ್ಲ, ವಿಡಿಯೊದಲ್ಲಿ ಎದ್ದು ಕಾಣುತ್ತದೆ.

ಇಷ್ಟಾದ ಮೇಲೆ ಡೆಮೊ ತೆರೆಯುತ್ತೇನೆ. ಗೋಡೆಯಾಚೆ ಇರುವವರನ್ನು ತೋರಿಸುವ ಎಕ್ಸ್-ರೇ ಮೊದಲು ಆಫ್ ಮಾಡಿಡುತ್ತೇನೆ. ನನ್ನನ್ನು ಹೊಡೆದವನ ಕಣ್ಣಿನಿಂದ ಅದೇ ರೌಂಡ್ ನೋಡುತ್ತೇನೆ. ಅವನಿಗೆ ನಾನು ಅಲ್ಲಿರುವುದು ಹೇಗೆ ಗೊತ್ತಾಯಿತು? ಕೆಲವೊಮ್ಮೆ ನನ್ನ ಹೆಜ್ಜೆ ಸದ್ದು. ಕೆಲವೊಮ್ಮೆ ಹಿಂದಿನ ಎರಡು ರೌಂಡಿನಲ್ಲೂ ನಾನು ಅಲ್ಲೇ ನಿಂತಿದ್ದೆ, ಅವನು ಸುಮ್ನೆ ಮೊದಲು ಅಲ್ಲಿಗೇ ಗುರಿಯಿಟ್ಟು ಬಂದ. ಇದನ್ನು ನನ್ನ ರೆಕಾರ್ಡಿಂಗ್ ಯಾವತ್ತೂ ಹೇಳಲಾರದು.

ಗೆದ್ದ ರೌಂಡುಗಳನ್ನು ಯಾಕೆ ನೋಡಬೇಕು ಅಂತ ಕೆಲವರು ಕೇಳುತ್ತಾರೆ. ಸ್ಮೋಕ್ ಗ್ರೆನೇಡಿನ ಹೊಗೆಯೊಳಗೆ ಒಬ್ಬನೇ ನುಗ್ಗಿ ಇಬ್ಬರನ್ನು ಹೊಡೆದರೆ ಎಲ್ಲರೂ ಹೊಗಳುತ್ತಾರೆ. ಆದರೆ ಹತ್ತು ಸೆಕೆಂಡು ಹಿಂದೆ ನಿಲ್ಲಿಸಿ ಕೇಳಿದರೆ, ಹಾಗೆ ನುಗ್ಗಲು ಯಾವ ಕಾರಣವೂ ಇರಲಿಲ್ಲ. ಅಂಥ ಗೆಲುವು ಕೆಟ್ಟ ಅಭ್ಯಾಸಕ್ಕೆ ನೀರೆರೆಯುತ್ತದೆ, ನಾಲ್ಕು ಮ್ಯಾಚ್ ಆದ ಮೇಲೆ ಅದೇ ಅಭ್ಯಾಸ ಸೋಲಿಸುತ್ತದೆ. ಸೋತ ರೌಂಡಿನಲ್ಲಿ ಸರಿಯಾಗಿ ಆಡಿದ್ದನ್ನೂ ಗುರುತಿಸಬೇಕು. ಇಲ್ಲದಿದ್ದರೆ ನೋಡುವ ಕೆಲಸವೇ ಬೇಸರ ತರಿಸುತ್ತದೆ.

ಡೋಟಾದಲ್ಲಿ ರೌಂಡುಗಳಿಲ್ಲದ್ದರಿಂದ ಎಲ್ಲಿ ನಿಲ್ಲಿಸಬೇಕು ಅನ್ನುವುದು ಕಷ್ಟ. ನಾನು ಪ್ರತಿ ದೊಡ್ಡ ಜಗಳಕ್ಕೆ ಅರ್ಧ ನಿಮಿಷ ಮುಂಚೆ ನಿಲ್ಲಿಸುತ್ತೇನೆ. ಮಿನಿಮ್ಯಾಪಿನಲ್ಲಿ ಎದುರು ಟೀಮಿನ ಎಷ್ಟು ಜನ ಕಾಣುತ್ತಿದ್ದಾರೆ ಎಣಿಸುತ್ತೇನೆ. ಒಬ್ಬರೂ ಕಾಣದಿದ್ದಾಗ ನಾನು ಮ್ಯಾಪಿನ ನಡುವಿನ ನದಿ ದಾಟಿ ಆಚೆ ಇದ್ದೆನಾ, ಈಚೆ ಇದ್ದೆನಾ? ಹೆಚ್ಚಿನ ಸಾವುಗಳ ಕಥೆ ಅಲ್ಲೇ ಮುಗಿಯುತ್ತದೆ. ಡೋಟಾ ರೀಪ್ಲೇಯಲ್ಲಿ ಇನ್ನೊಂದು ಒಳ್ಳೆಯ ಸೌಲಭ್ಯ ಇದೆ. ಯಾವ ಆಟಗಾರನ ಸ್ಕ್ರೀನ್ ಬೇಕಾದರೂ ಅವನ ಕ್ಯಾಮೆರಾ, ಮೌಸ್ ಓಡಾಟದ ಸಮೇತ ನೋಡಬಹುದು. ನಾನು ಆಡುವ ಹೀರೋವನ್ನೇ ಆಡಿದ ಒಳ್ಳೆಯ ಆಟಗಾರ ಸಿಕ್ಕರೆ, ಅವನು ಎಷ್ಟು ಸಲ ಕ್ಯಾಮೆರಾ ಸರಿಸಿ ಬೇರೆ ಲೇನ್ (ಮ್ಯಾಪಿನ ಮುಖ್ಯ ದಾರಿ) ನೋಡುತ್ತಾನೆ ಅನ್ನುವುದನ್ನಷ್ಟೇ ಗಮನಿಸುತ್ತೇನೆ. ಅಷ್ಟರಲ್ಲೇ ಬಹಳ ಕಲಿಯಲು ಸಿಗುತ್ತದೆ.

ಕಂಡದ್ದನ್ನೆಲ್ಲ ಒಂದು ನೋಟ್‌ಬುಕ್ಕಿನಲ್ಲಿ ಬರೆಯುತ್ತೇನೆ. ಒಂದು ಸಾವಿಗೆ ಒಂದು ಸಾಲು: ಯಾವ ಮ್ಯಾಪ್, ಏನು ಗೊತ್ತಿತ್ತು, ಏನು ಮಾಡಿದೆ. ಒಂದೇ ಮ್ಯಾಚಿನ ಸಾಲುಗಳಿಂದ ಏನೂ ತೀರ್ಮಾನಿಸುವುದಿಲ್ಲ. ಕೆಲವು ಮ್ಯಾಚ್ ಆದ ಮೇಲೆ ಹಿಂದಿನ ಪುಟಗಳನ್ನು ಓದಿದರೆ ಒಂದೇ ಮಾತು ಮತ್ತೆ ಮತ್ತೆ ಬಂದಿರುತ್ತದೆ. ಆ ಒಂದನ್ನು ಮಾತ್ರ ಮುಂದಿನ ಮ್ಯಾಚುಗಳಿಗೆ ಎತ್ತಿಕೊಳ್ಳುತ್ತೇನೆ. ಎರಡನ್ನು ಎತ್ತಿಕೊಂಡರೆ ಆಡುವಾಗ ಎರಡೂ ನೆನಪಿರುವುದಿಲ್ಲ.

ಆಗಾಗ ನಾನು ಮತ್ತು ಒಬ್ಬ ಗೆಳೆಯ ರೆಕಾರ್ಡಿಂಗ್ ಬದಲಾಯಿಸಿಕೊಳ್ಳುತ್ತೇವೆ. ನನ್ನದನ್ನು ಅವನು ಓಡಿಸುತ್ತಾನೆ, ತನಗೆ ಬೇಕೆನಿಸಿದ ಕಡೆ ನಿಲ್ಲಿಸಿ ‘ಇಲ್ಲಿ ಏನು ಯೋಚಿಸ್ತಿದ್ದೆ?’ ಅಂತ ಕೇಳುತ್ತಾನೆ. ‘ಹೀಗೆ ಮಾಡಬೇಕಿತ್ತು’ ಅನ್ನಬಾರದು ಅನ್ನುವುದು ನಾವು ಮಾಡಿಕೊಂಡ ನಿಯಮ. ಪ್ರಶ್ನೆ ಮಾತ್ರ ಕೇಳಬೇಕು. ಉತ್ತರ ಹೊಳೆಯದೆ ನಾನು ಸುಮ್ಮನಾದ ಜಾಗಗಳು ನೇರವಾಗಿ ನೋಟ್‌ಬುಕ್ಕಿಗೆ ಹೋಗುತ್ತವೆ. ಸದ್ಯ ಅಲ್ಲಿ ಕೆಂಪು ಗೆರೆ ಎಳೆದಿರುವ ಸಾಲು ಇದು: ಜೊತೆಗಾರ ‘ಹೋಗ್ತಾ ಇದೀನಿ’ ಅಂದ ಕೂಡಲೇ ರೇಡಾರ್ ನೋಡು, ಆಮೇಲೆ ‘ಸರಿ’ ಅನ್ನು.